ಕಿನ್ನಿಗೋಳಿಯಲ್ಲಿ ಮಗ್ಗದ ಪಕ್ಕ ಕೂತು ಕಲಿತದ್ದು

ಪ್ರವಾಸ ಹೋದ ಊರಲ್ಲಿ ಏನಾದರೂ ಕೈಕೆಲಸ ಕಲಿಯಬೇಕು ಅನ್ನುವ ಹುಚ್ಚು ನನಗೆ ಮೊದಲಿನಿಂದಲೂ ಇದೆ. ಆದರೆ ರೆಸಾರ್ಟ್‌ಗಳಲ್ಲಿ ನಡೆಸುವ ಒಂದು ಗಂಟೆಯ ವರ್ಕ್‌ಶಾಪ್ ಮಾತ್ರ ಬೇಡವೇ ಬೇಡ. ಒಂದು ಕಡೆ ಕುಂಬಾರಿಕೆ ಕಲಿಸ್ತೀವಿ ಅಂತ ದುಡ್ಡು ಕಟ್ಟಿಸಿಕೊಂಡರು. ಚಕ್ರ ತಿರುಗಿಸಿದವರೂ ಅವರೇ, ಮಡಕೆ ಎತ್ತಿದವರೂ ಅವರೇ. ನಾನು ಮಣ್ಣಿಗೆ ಕೈ ತಾಗಿಸಿ ಫೋಟೋಗೆ ನಕ್ಕಿದ್ದಷ್ಟೇ. ಹಾಗಾಗಿ ಉಡುಪಿ ಸೀರೆ ಅನ್ನುವ ಕೈಮಗ್ಗದ ಹತ್ತಿ ಸೀರೆ ನೇಯುವುದನ್ನು ಹತ್ತಿರದಿಂದ ನೋಡಬೇಕು, ಕೈಯಾರೆ ಸ್ವಲ್ಪ ಮಾಡಬೇಕು ಅನಿಸಿದಾಗ ದಿನಾ ಮಗ್ಗ ಓಡುವ ಜಾಗವನ್ನೇ ಹುಡುಕಿದೆ.

ಹೆಸರು ಉಡುಪಿ ಸೀರೆ. ಹಾಗಂತ ರಥಬೀದಿಯಲ್ಲಿ ನಿಂತು ಮಗ್ಗ ಎಲ್ಲಿ ಅಂತ ಕೇಳಿದರೆ ಸಿಗುವುದಿಲ್ಲ. ಉಡುಪಿ, ದಕ್ಷಿಣ ಕನ್ನಡ ಎರಡೂ ಜಿಲ್ಲೆಗಳಲ್ಲಿ ನೇಕಾರರ ಸಹಕಾರಿ ಸಂಘಗಳಿವೆ. ಅಲ್ಲಿ ನೇಯುವವರಲ್ಲಿ ನೇಕಾರ ಸಮುದಾಯದ ಶೆಟ್ಟಿಗಾರರೇ ಜಾಸ್ತಿ. ಕಿನ್ನಿಗೋಳಿ ಬಳಿಯ ತಾಳಿಪಾಡಿ ಸಂಘದ ಹೆಸರನ್ನು ನೀವು ಕೇಳಿರಬಹುದು. 2018ರ ಹೊತ್ತಿಗೆ ಅಲ್ಲಿ ಉಳಿದಿದ್ದವರು ಬೆರಳೆಣಿಕೆಯಷ್ಟು ನೇಕಾರರು, ಅವರೂ ವಯಸ್ಸಾದವರು. ಕೈಮಗ್ಗ ಉಳಿಸಲು ದುಡಿಯುವ ಕದಿಕೆ ಟ್ರಸ್ಟ್‌ನವರು ಕೈಜೋಡಿಸಿದ ಮೇಲೆ ಹೊಸಬರು ಬಂದು ಮತ್ತೆ ಮಗ್ಗಕ್ಕೆ ಕೂತರು. ಆ ಸುದ್ದಿ ಓದಿಯೇ ನನಗೆ ಈ ಕಡೆ ಬರುವ ಮನಸ್ಸಾಗಿದ್ದು. ನಾನು ಹೋದದ್ದೂ ಕಿನ್ನಿಗೋಳಿ ಆಸುಪಾಸಿಗೇ. ನಮ್ಮೂರು ತೀರ್ಥಹಳ್ಳಿ ಕಡೆ. ಆಗುಂಬೆ ಘಾಟಿ ಇಳಿದು ಹೆಬ್ರಿ ಮೇಲೆ ಉಡುಪಿ, ಅಲ್ಲಿಂದ ಮಂಗಳೂರು ಬಸ್ ಹತ್ತಿ ಮೂಲ್ಕಿಯಲ್ಲಿ ಇಳಿದರೆ ಕಿನ್ನಿಗೋಳಿಗೆ ಬಸ್ಸಿಗೆ ಬರವಿಲ್ಲ. ಮನೆಯವರು ಮಲ್ಪೆ, ಕಟೀಲು ಅಂತ ಸುತ್ತಾಡಿಕೊಂಡಿದ್ದರು, ನಾನು ಬೆಳಗ್ಗೆಯೇ ಚೀಲ ಹೆಗಲಿಗೆ ಹಾಕಿಕೊಂಡು ಹೊರಡುತ್ತಿದ್ದೆ.

ಹೋಗುವ ಮೊದಲು ಮಗ್ಗದವರಿಗೆ ಫೋನ್ ಮಾಡಿದ್ದು ಒಳ್ಳೆಯದಾಯಿತು. ಆ ಕಡೆಯಿಂದ ಒಬ್ಬ ಹಿರಿಯರು ಕೇಳಿದರು, "ನೋಡ್ಲಿಕ್ಕಾ, ಕಲೀಲಿಕ್ಕಾ?"

"ಕಲೀಲಿಕ್ಕೆ" ಅಂದೆ.

"ಎರಡು ದಿನಕ್ಕೆ ಬಂದು ಎಂತ ಕಲೀತೀರಿ ಮಾರಾಯ್ರೆ? ಬನ್ನಿ, ಬರುದು ಬೇಡ ಅಂತ ಹೇಳುದಿಲ್ಲ. ಸೀರೆ ಹಾಕಿದ ಮಗ್ಗಕ್ಕೆ ಮಾತ್ರ ಕೂರಿಸ್ಲಿಕ್ಕೆ ಆಗುದಿಲ್ಲ."

ಕಾರಣವನ್ನೂ ಅವರೇ ಬಿಡಿಸಿ ಹೇಳಿದರು. ಇಲ್ಲಿ ದಿನಗೂಲಿ ಇಲ್ಲ. ಎಷ್ಟು ಸೀರೆ ನೇಯ್ದರೋ ಅಷ್ಟಕ್ಕೆ ಮಜೂರಿ. ಒಂದು ಸೀರೆ ಇಳಿಸಲು ಪಳಗಿದ ಕೈಗೂ ಎರಡು ಮೂರು ದಿನ ಬೇಕು. ಆ ಮಗ್ಗದಲ್ಲಿ ನನ್ನಂಥವಳು ಅರ್ಧ ಗಂಟೆ ಕೂತರೆ ಅರ್ಧ ಗಂಟೆಯ ಮಜೂರಿಯೂ ಹೋಯಿತು, ಆ ನಾಲ್ಕು ಇಂಚು ಬಟ್ಟೆಯೂ ಹೋಯಿತು. ಅದನ್ನು ಬಿಚ್ಚಿ ಸರಿ ಮಾಡಲು ಇನ್ನೊಂದು ಗಂಟೆ.

ನಾನು ನೇರವಾಗಿಯೇ ಮಾತಾಡಿದೆ. ನನಗೆ ಹೇಳಿಕೊಡುವವರಿಗೆ ಅಷ್ಟು ಹೊತ್ತಿನಲ್ಲಿ ಎಷ್ಟು ದುಡಿಮೆ ಆಗುತ್ತಿತ್ತೋ ಅದನ್ನು ನಾನು ಕೊಡುತ್ತೇನೆ, ಮಗ್ಗ ಸಿಗದಿದ್ದರೂ ಅಡ್ಡಿಯಿಲ್ಲ, ಮಗ್ಗಕ್ಕೆ ಹೋಗುವ ಮೊದಲಿನ ಕೆಲಸಕ್ಕೆ ನನ್ನನ್ನು ಹಚ್ಚಿ ಅಂದೆ. ಅಲ್ಲಿಂದ ಮಾತು ಸಲೀಸಾಯಿತು. ಯಾರಾದರೂ ಈ ಥರ ಹೋಗುವುದಿದ್ದರೆ ನಾನು ಹೇಳುವುದು ಇದನ್ನೇ. 'ಎಷ್ಟು ಫೀಸು' ಅಂತ ಕೇಳಬೇಡಿ, ಹೆಚ್ಚಿನ ಕಡೆ ಅವರ ಬಳಿ ಅದಕ್ಕೆ ಉತ್ತರವೇ ಇರುವುದಿಲ್ಲ, ಸಂಕೋಚದಿಂದ 'ಎಂತದೂ ಬೇಡ' ಅಂದುಬಿಡುತ್ತಾರೆ. 'ನಿಮ್ಮ ಎಷ್ಟು ಕೆಲಸ ಹಾಳಾಗುತ್ತೆ' ಅಂತ ಕೇಳಿ, ಲೆಕ್ಕ ತಾನಾಗಿ ಸಿಗುತ್ತದೆ.

ನನ್ನನ್ನು ಒಪ್ಪಿಸಿದ್ದು ಅರವತ್ತು ದಾಟಿದ ಒಬ್ಬ ಅಕ್ಕನ ಕೈಗೆ. ಅವರು ಮೊದಲು ನೋಡಿದ್ದು ನನ್ನ ಉಗುರು. "ಇದನ್ನು ಕತ್ತರಿಸಿಕೊಂಡು ಬನ್ನಿ" ಅಂದರು, ನಮಸ್ಕಾರ ಎಲ್ಲ ಆಮೇಲೆ. ಉಗುರಿನ ಅಂಚು ಚೂರು ಒರಟಾಗಿದ್ದರೂ ನೂಲು ಸಿಕ್ಕಿಕೊಳ್ಳುತ್ತದೆ.

ಮೊದಲ ಕೆಲಸ ಕಂಡಿಕೆ ಸುತ್ತುವುದು. ಮಗ್ಗದಲ್ಲಿ ಆಚೀಚೆ ಓಡುವ ಲಾಳಿಯೊಳಗೆ ಕೂರುವ ಪುಟ್ಟ ಕಡ್ಡಿಗೆ ಹೊಕ್ಕಿನ ನೂಲು, ಅಂದರೆ ಬಟ್ಟೆಗೆ ಅಡ್ಡಲಾಗಿ ಹಾಯುವ ನೂಲು ತುಂಬಬೇಕು. ಒಂದು ಕಡೆ ಬಿದಿರಿನ ಕಡ್ಡಿಗಳ ಚಕ್ರಕ್ಕೆ ನೂಲಿನ ಸುರುಳಿ, ಅಂದರೆ ಲಡಿ ಹಾಕಿರುತ್ತಾರೆ, ಇನ್ನೊಂದು ಕಡೆ ರಾಟೆ. ಬಲಗೈ ರಾಟೆ ತಿರುಗಿಸುತ್ತದೆ, ಎಡಗೈಯ ಎರಡು ಬೆರಳ ನಡುವೆ ನೂಲು ಹರಿಯುತ್ತದೆ. ನೋಡಲು ಮಕ್ಕಳಾಟ. ವಿಷಯ ಇರುವುದು ಎಡಗೈಯಲ್ಲಿ. ಬೆರಳು ಸಡಿಲ ಬಿಟ್ಟರೆ ಸುತ್ತು ಮೆತ್ತಗಾಗುತ್ತದೆ, ಲಾಳಿ ಓಡುವಾಗ ನೂಲು ಒಂದೇ ಸಲ ಗಂಟಾಗಿ ಕಳಚಿ ಬೀಳುತ್ತದೆ. ಬಿಗಿ ಹಿಡಿದರೆ ಪಟ್ಟನೆ ತುಂಡು. ಆಕಾರವೂ ಸರಿಯಿರಬೇಕು, ಬುಡ ದಪ್ಪ, ತುದಿಗೆ ಬರುತ್ತಾ ಸಪೂರ. ಹಾಗಿದ್ದರೆ ಮಾತ್ರ ನೂಲು ತುದಿಯಿಂದ ಜಾರಿ ಸರಾಗ ಬಿಚ್ಚುತ್ತದೆ. ಅಕ್ಕ ಇದನ್ನು ಬಾಯಲ್ಲಿ ವಿವರಿಸಲಿಲ್ಲ. ನಾನು ಸುತ್ತಿದ ಕಂಡಿಕೆಯನ್ನು ಹೆಬ್ಬೆರಳಿನಲ್ಲಿ ಒತ್ತಿ ನೋಡಿದರು. ಬೆರಳು ಒಳಗೆ ಇಳಿದರೆ ಪಕ್ಕಕ್ಕೆ ಇಟ್ಟರು, ಇಳಿಯದಿದ್ದರೆ ಬುಟ್ಟಿಗೆ ಹಾಕಿದರು. ಮಧ್ಯಾಹ್ನದ ಹೊತ್ತಿಗೆ ಬುಟ್ಟಿಗೆ ಬೀಳುವುದು ಜಾಸ್ತಿಯಾಯಿತು. ಅದರಲ್ಲಿ ಕೆಲವು ಪಕ್ಕದ ಮಗ್ಗದಲ್ಲಿ ನಿಜವಾದ ಸೀರೆಗೇ ಹೋದವು. ನನಗಂತೂ ಅದು ಮಗ್ಗಕ್ಕೆ ಕೂತಷ್ಟೇ ಖುಷಿ ಕೊಟ್ಟಿತು.

ನೂಲು ಎಷ್ಟು ಸಪೂರ ಅಂತ ಕೈಗೆ ತೆಗೆದುಕೊಂಡಾಗಲೇ ಗೊತ್ತಾಗುವುದು. ಉಡುಪಿ ಸೀರೆಗೆ ಬಳಸುವುದು 60, 80 ಕೌಂಟಿನ ಒಂಟಿ ಎಳೆಯ ಹತ್ತಿ ನೂಲು. ಕೌಂಟಿನ ಲೆಕ್ಕ ಹಳೇ ಇಂಗ್ಲಿಷರದ್ದು. 840 ಗಜದ ಲಡಿಗಳು ಒಂದು ಪೌಂಡಿಗೆ ಎಷ್ಟು ಬರುತ್ತವೋ ಅದೇ ಕೌಂಟು. ಸಂಜೆ ಬಸ್ಸಲ್ಲಿ ಕೂತು ಲೆಕ್ಕ ಹಾಕಿದೆ. 60 ಕೌಂಟಾದರೆ ಒಂದು ಪೌಂಡ್, ಅಂದರೆ ಅರ್ಧ ಕಿಲೋಗೂ ಕಡಿಮೆ ನೂಲು, ಸುಮಾರು 46 ಕಿಲೋಮೀಟರ್ ಉದ್ದ. ಮಂಗಳೂರಿಂದ ಎಳೆಯುತ್ತಾ ಹೋದರೆ ಕಾಪು ಆಸುಪಾಸಿಗೆ ಮುಟ್ಟುತ್ತದೆ. 80 ಕೌಂಟಾದರೆ 61 ಕಿಲೋಮೀಟರ್, ಉಡುಪಿ ಮುಟ್ಟಿ ಇನ್ನೂ ಉಳಿಯುತ್ತದೆ. ಇಷ್ಟು ಸಪೂರದ ಒಂಟಿ ಎಳೆ ಹಾಗೇ ಮಗ್ಗಕ್ಕೆ ಹೋದರೆ ತಡೆಯುವುದಿಲ್ಲ. ಅದಕ್ಕೇ ಹಾಸಿನ ನೂಲಿಗೆ, ಅಂದರೆ ಮಗ್ಗದ ಉದ್ದಕ್ಕೆ ಹಾಸುವ ನೂಲಿಗೆ ಗಂಜಿ ಹಾಕುತ್ತಾರೆ. ಉಜ್ಜಾಟ ತಡೆಯುವ ಶಕ್ತಿ ಬರುವುದು ಅದರಿಂದ.

ಹವೆಯದ್ದೂ ಒಂದು ಪಾತ್ರವಿದೆ. ಕರಾವಳಿಯ ಸೆಕೆ, ಬೆವರು ಅಂತ ನಾವು ಘಟ್ಟದ ಮೇಲಿನವರು ಗೊಣಗುತ್ತೇವೆ ಅಲ್ವಾ, ಹತ್ತಿ ನೂಲಿಗೆ ಆ ತೇವವೇ ಒಳ್ಳೆಯದು. ತೇವ ಇದ್ದಾಗ ಹತ್ತಿ ಗಟ್ಟಿ, ಒಣಗಿದಾಗ ಬೇಗ ತುಂಡಾಗುತ್ತದೆ. ಹಾಗಂತ ಮಳೆಗಾಲ ಸುಖವಲ್ಲ. ಗಂಜಿ ಹಾಕಿದ ನೂಲಾಗಲಿ ಬಣ್ಣದ ಲಡಿಯಾಗಲಿ ಒಣಗುವುದೇ ಇಲ್ಲ. ಜೂನ್‌ನಿಂದ ಆಗಸ್ಟ್ ತನಕ ಬಿಟ್ಟು ಹೋದರೆ ಎಲ್ಲ ಹಂತದ ಕೆಲಸ ನೋಡಲು ಸಿಗುವ ಸಾಧ್ಯತೆ ಜಾಸ್ತಿ.

ಎಳೆ ಕೂಡಿಸುವ ಕೆಲಸವನ್ನು ನನಗೆ ಕೊಡಲಿಲ್ಲ, ನೋಡಲು ಬಿಟ್ಟರು. ಒಂದು ಹಾಸು ಮುಗಿದಾಗ ಹಳೆಯ ಎಳೆಗಳ ತುದಿಗೆ ಹೊಸ ಹಾಸಿನ ಎಳೆಗಳನ್ನು ಒಂದೊಂದಾಗಿ ಹೊಸೆದು ಸೇರಿಸಬೇಕು. ಇಂಚಿಗೆ 65 ಎಳೆ ಅಂತ ಹಿಡಿದರೂ 46 ಇಂಚಿನ ಅಗಲಕ್ಕೆ ಮೂರು ಸಾವಿರದ ಹತ್ತಿರ. ಬೆರಳು ಜಾರದಂತೆ ಚೂರು ಬೂದಿ ಮುಟ್ಟಿಕೊಂಡು, ಎರಡು ತುದಿ ಹಿಡಿದು, ಹೆಬ್ಬೆರಳಿನಲ್ಲಿ ಒಂದು ತಿರುವು ಕೊಟ್ಟು ಮಡಚುತ್ತಾರೆ. ಗಂಟೇ ಇಲ್ಲ. ಬಾಯಲ್ಲಿ ತುಳುವಿನಲ್ಲಿ ಯಾರದೋ ಮನೆಯ ಮದುವೆ ಊಟದ ಕತೆ, ಕಣ್ಣು ಬಾಗಿಲ ಕಡೆ, ಬೆರಳು ಮಾತ್ರ ತನ್ನ ಪಾಡಿಗೆ ಓಡುತ್ತಿತ್ತು.

ಕೊನೆಗೆ ಮಗ್ಗವೂ ಸಿಕ್ಕಿತು. ಕಲಿಯುವವರಿಗೆಂದೇ ದಪ್ಪ ನೂಲಿನ ಅಗಲ ಕಡಿಮೆಯ ಹಾಸೊಂದಿತ್ತು, ಬೈರಾಸಿಗೆ, ಅಂದರೆ ಮೈ ಒರೆಸುವ ಬಟ್ಟೆಗೆ ಹಾಕಿದ್ದು. ಈ ಕಡೆಯ ಮಗ್ಗದ ಕತೆಗೆ ಕ್ರೈಸ್ತ ಮಿಷನರಿಗಳ ಸಂಸ್ಥೆಯಾದ ಬಾಸೆಲ್ ಮಿಷನ್‌ನ ನಂಟಿದೆ. 1834ರಲ್ಲಿ ಮಂಗಳೂರಿಗೆ ಬಂದ ಆ ಮಿಷನ್‌ನವರು ಅಚ್ಚುಕೂಟ, ಹಂಚಿನ ಕಾರ್ಖಾನೆಯ ಜತೆ ನೇಯ್ಗೆಯನ್ನೂ ನಡೆಸಿದರು. ಬಲ್ಮಠದ ಅವರ ನೇಯ್ಗೆ ಕಾರ್ಖಾನೆಯಲ್ಲಿ 1850ರ ದಶಕದಲ್ಲಿ ಜಾನ್ ಹಾಲರ್ ಖಾಕಿ ಬಣ್ಣ ತಯಾರಿಸಿದ್ದನ್ನು ಮಂಗಳೂರಿನವರು ಇಂದಿಗೂ ಹೆಮ್ಮೆಯಿಂದ ಹೇಳುತ್ತಾರೆ. ಹಗ್ಗ ಎಳೆದರೆ ಲಾಳಿ ತಾನಾಗಿ ಓಡುವ ಮಗ್ಗ ಇಲ್ಲಿ ಬಳಕೆಗೆ ಬಂದದ್ದೂ ಅವರ ಕಾಲದಲ್ಲೇ. ನಾನು ಕೂತದ್ದೂ ಅಂಥದ್ದೇ ಮಗ್ಗಕ್ಕೆ.

ಕಾಲಲ್ಲಿ ಒಂದು ಹಲಗೆ ತುಳಿದರೆ ಅರ್ಧ ಎಳೆಗಳು ಮೇಲೆ, ಅರ್ಧ ಕೆಳಗೆ. ನಡುವೆ ಬಾಯಿ ತೆರೆಯುತ್ತದೆ. ಬಲಗೈಲಿ ಹಗ್ಗದ ಹಿಡಿ ಎಳೆದರೆ ಲಾಳಿ ಆ ಬಾಯಿಯೊಳಗಿಂದ ಆಚೆ ಬದಿಗೆ ಓಡುತ್ತದೆ. ಎಡಗೈಲಿ ಹಣಿಗೆಯನ್ನು, ಅಂದರೆ ಎಳೆಗಳು ಹಾಯುವ ಬಾಚಣಿಗೆಯಂಥ ಚೌಕಟ್ಟನ್ನು ತನ್ನತ್ತ ಬಡಿಯಬೇಕು. ಮತ್ತೆ ಇನ್ನೊಂದು ಹಲಗೆ. ಕಾಲು, ಬಲಗೈ, ಎಡಗೈ, ಇಷ್ಟೇ. ಹೊಸಬರ ಕೈಯಲ್ಲಿ ಲಾಳಿ ಅರ್ಧ ದಾರಿಯಲ್ಲಿ ನಿಲ್ಲುತ್ತದೆ, ಇಲ್ಲವೇ ಜೋರಾಗಿ ಹೋಗಿ ವಾಪಸ್ ಪುಟಿಯುತ್ತದೆ. ಬಲ ಹಾಕಿ ಎಳೆಯುವುದಲ್ಲ, ಮಣಿಕಟ್ಟನ್ನು ಚೂರು ಝಾಡಿಸುವುದು. ಅಕ್ಕ ನನ್ನ ಕೈ ಮೇಲೆ ಕೈಯಿಟ್ಟು ಎಳೆದು ತೋರಿಸಿದ ಮೇಲೆ ಅದು ಮೈಗೆ ಹತ್ತಿತು. "ಬೇಗ ಬೇಗ ಎಂತಕ್ಕೆ? ಬಸ್ಸು ತಪ್ಪುತ್ತದಾ?" ಅಂತ ನಡುನಡುವೆ ತಮಾಷೆ ಬೇರೆ.

ಬಟ್ಟೆಯ ಮಧ್ಯಭಾಗ ಬೇಗ ಒಲಿಯುತ್ತದೆ. ಕೈಯ ಹದ ಕಾಣುವುದು ಅಂಚಿನಲ್ಲಿ. ಹೊಕ್ಕಿನ ನೂಲು ಒಮ್ಮೆ ಬಿಗಿ, ಒಮ್ಮೆ ಸಡಿಲ ಆದರೆ ಅಂಚು ಒಳಗೆ ಹೊರಗೆ ಓಡಾಡುತ್ತದೆ. ಅಗಲ ಕುಗ್ಗದಂತೆ ಎರಡೂ ಅಂಚಿಗೆ ಚುಚ್ಚಿ ನಿಲ್ಲಿಸುವ ಅಡ್ಡಕಡ್ಡಿಯೊಂದಿದೆ, ಸ್ವಲ್ಪ ನೇಯ್ದ ಹಾಗೆ ಅದನ್ನು ಮುಂದೆ ಸರಿಸುತ್ತಾ ಹೋಗಬೇಕು. ಎಳೆ ತುಂಡಾದಾಗ ಅಕ್ಕ ಮಗ್ಗ ನಿಲ್ಲಿಸಿ, ಪಕ್ಕದಲ್ಲೇ ನೇತುಹಾಕಿದ್ದ ಬಿಡಿ ನೂಲಿನ ಗೊಂಚಲಿಂದ ಒಂದೆಳೆ ಎಳೆದು ಜೋಡಿಸಿದರು. ಎಳೆ ಮೇಲೆ ಕೆಳಗೆ ಎತ್ತಿಳಿಸುವ ದಾರದ ಕಣ್ಣಿನಲ್ಲಿ ಅದನ್ನು ಹಾಯಿಸಿ, ಹಣಿಗೆಯ ಸರಿಯಾದ ಸಂದಿಯಲ್ಲಿ ತೂರಿಸಿ, ಬಟ್ಟೆಗೆ ಗುಂಡುಸೂಜಿ ಚುಚ್ಚಿ ಸುತ್ತಿ ನಿಲ್ಲಿಸಿದರು. ಒಂದು ಸಂದಿ ಆಚೀಚೆ ಆದರೂ ಅಲ್ಲಿಂದ ಮುಂದೆ ಬಟ್ಟೆಯುದ್ದಕ್ಕೂ ಗೆರೆ ಬೀಳುತ್ತದೆಯಂತೆ.

ಬಣ್ಣದ ವಿಷಯಕ್ಕೆ ಬಂದರೆ ನನಗೆ ನಗು. ಸಹಜ ಬಣ್ಣದ ಸೀರೆಗಳಿಗೆ ದಾಳಿಂಬೆ ಸಿಪ್ಪೆ, ಇಂಡಿಗೊ ನೀಲಿ, ಮಂಜಿಷ್ಠೆ ಎಲ್ಲ ಬಳಸುತ್ತಾರೆ, ಜತೆಗೆ ಅಡಿಕೆ ಚೊಗರು, ಅಂದರೆ ಅಡಿಕೆ ಬೇಯಿಸಿ ಉಳಿದ ಒಗರು ನೀರು! ಕರಾವಳಿಯವರು ಹಣ್ಣಡಿಕೆ ಒಣಗಿಸಿ ಚಾಲಿ ಮಾಡುತ್ತಾರೆ, ಅದರಲ್ಲಿ ಚೊಗರಿನ ಪ್ರಶ್ನೆಯೇ ಇಲ್ಲ. ಹಸಿ ಅಡಿಕೆ ಬೇಯಿಸಿ ಚೊಗರು ಉಳಿಸುವವರು ನಾವು, ಮಲೆನಾಡಿನವರು. ಕೊಯ್ಲಿನ ದಿನಗಳಲ್ಲಿ ಚೊಗರು ಬಿದ್ದ ಅಂಗಿಗೆ ಅಮ್ಮನಿಂದ ಬೈಸಿಕೊಂಡು ಬೆಳೆದವಳು ನಾನು. ಎಷ್ಟು ತಿಕ್ಕಿದರೂ ಹೋಗದ ಆ ಕಲೆ ಇಲ್ಲಿ ಸೀರೆಗೆ ಬೇಕಾದ ಗುಣ. ಪಟಿಕದ ನೀರಲ್ಲಿ ನೆನೆಸಿದ ನೂಲಿಗೆ ಅದು ಕೆಂಪು ಮಿಶ್ರಿತ ಕಂದು ಕೊಡುತ್ತದೆ. ಕಬ್ಬಿಣದ ಅಂಶ ಸೇರಿಸಿದರೆ ಅದೇ ಚೊಗರು ಕಪ್ಪುಬೂದಿಗೆ ತಿರುಗುತ್ತದೆ. ಚೊಗರಿನ ಒಗರೂ ಕಬ್ಬಿಣವೂ ಸೇರಿದರೆ ಕಪ್ಪೇ, ಕತ್ತಿಯಲ್ಲಿ ಹಸಿ ಅಡಿಕೆ ಸುಲಿದವರಿಗೆಲ್ಲ ಇದು ಗೊತ್ತು.

ಹೋಗುವವರಿಗೆ ಇನ್ನೆರಡು ಮಾತು. ಬಳೆ, ಉಂಗುರ, ಜೋಲಾಡುವ ದುಪಟ್ಟಾ ಬೇಡ. ನೇಯುತ್ತಿರುವಾಗ ಫೋಟೋ ತೆಗೆಯುವ ಮೊದಲು ಕೇಳಿ, ನೇಯುವವರ ಲೆಕ್ಕ ತಪ್ಪುತ್ತದೆ. ಸಣ್ಣ ಮಕ್ಕಳನ್ನು ಕರೆದುಕೊಂಡು ಹೋಗುವುದು ಬೇಡ ಅಂತಲೇ ನನ್ನ ಅಭಿಪ್ರಾಯ, ಲಾಳಿ ಹಾರಿದರೆ ಪೆಟ್ಟಾಗುತ್ತದೆ. ಉಡುಪಿ ಸೀರೆಗೆ 2016ರಲ್ಲಿ ಜಿಐ (ಭೌಗೋಳಿಕ ಸೂಚಕ) ಮಾನ್ಯತೆ ಸಿಕ್ಕಿದೆ. ಆದರೂ ಅದೇ ಹೆಸರಲ್ಲಿ ಪವರ್‌ಲೂಮ್ ಬಟ್ಟೆ ಕೈಗಿಟ್ಟರೆ ಗೊತ್ತಾಗಬೇಕಲ್ಲ? ಅಂಚನ್ನು ಬೆಳಕಿಗೆ ಹಿಡಿದು ನೋಡಿ. ಕೈಮಗ್ಗದ್ದಾದರೆ ಅಡ್ಡಕಡ್ಡಿ ಚುಚ್ಚಿದ ಸಣ್ಣ ತೂತುಗಳು ಸ್ವಲ್ಪ ಸ್ವಲ್ಪ ಅಂತರದಲ್ಲಿ ಕಾಣುತ್ತವೆ. ಕೈಮಗ್ಗದ ಮುದ್ರೆಯೂ ಇದೆಯಾ ನೋಡಿ. ಹೊಸ ಸೀರೆ ಗಂಜಿಯಿಂದ ಗಡಸಾಗಿರುತ್ತದೆ, ಎರಡು ಒಗೆತ ಕಳೆದರೆ ಮೆತ್ತಗೆ. ಸೆಕೆಗೆ ಇದಕ್ಕಿಂತ ಹಗುರದ್ದು ನನ್ನ ಬಳಿ ಇಲ್ಲ.

ನಾನು ನೇಯ್ದ ಬೈರಾಸಿನ ತುಂಡಿಗೆ ಹೊರಡುವಾಗ ದುಡ್ಡು ಕೇಳಿದೆ. ನೂಲಿನ ಬೆಲೆ ಮಾತ್ರ ತೆಗೆದುಕೊಂಡರು. "ಮಜೂರಿ ನಿಮ್ಮದೇ ಅಲ್ವಾ" ಅಂದರು ಅಕ್ಕ. ಅವರು ನೇಯ್ದ ಕಂದು ಅಂಚಿನ ಸೀರೆಗೆ ಮಾತ್ರ ಪೂರ್ತಿ ಬೆಲೆ ಕೊಟ್ಟು ತಂದೆ, ಒಂದು ರೂಪಾಯಿ ಚೌಕಾಸಿ ಮಾಡಲಿಲ್ಲ.