ಕಾದ ರಸ್ತೆಯಿಂದ ನಮ್ಮ ನಾಯಿಯ ಕಾಲು ಉಳಿಸಿಕೊಂಡ ಬಗೆ

ಕಳೆದ ಬೇಸಿಗೆಯ ಒಂದು ಸಂಜೆ ನಮ್ಮ ನಾಯಿ ನಡುದಾರಿಯಲ್ಲೇ ನಿಂತು, ಒಂದೊಂದೇ ಕಾಲನ್ನು ಎತ್ತಿ ಹಿಡಿದು ನನ್ನ ಮುಖ ನೋಡತೊಡಗಿದಾಗ, ಅದಕ್ಕೆ ಆಯಾಸವಾಗಿರಬೇಕೆಂದು ಭಾವಿಸಿದ್ದೆ. ಮನೆಗೆ ಬಂದು ನೋಡಿದರೆ ಅಂಗಾಲು ಕೆಂಪೇರಿ, ಅಂಚಿನಲ್ಲಿ ಚರ್ಮ ಸುಲಿದಿತ್ತು. ಬಿಸಿಲು ಇಳಿದ ಮೇಲೂ ಡಾಂಬರು ಬಹಳ ಹೊತ್ತು ಕಾವು ಹಿಡಿದಿಟ್ಟುಕೊಳ್ಳುತ್ತದೆ ಎಂಬುದು ನನಗೆ ಹೊಳೆದೇ ಇರಲಿಲ್ಲ. ಆ ನೋಟ ಇಂದಿಗೂ ನನ್ನನ್ನು ಕಾಡುತ್ತದೆ. ಗಾಯಕ್ಕೆ ಪಶುವೈದ್ಯರು ಮುಲಾಮು ಕೊಟ್ಟರು.

ಈಗ ಹೊರಡುವ ಮುನ್ನ ಕೈಯ ಹಿಂಬದಿಯನ್ನು 7 ಸೆಕೆಂಡು ರಸ್ತೆಗೆ ಒತ್ತಿ ನೋಡುತ್ತೇನೆ. ನನಗೆ ತಾಳಲಾಗದಿದ್ದರೆ ನಾಯಿಗೂ ತಾಳಲಾಗದು. ನಾಯಿ ನಮ್ಮಂತೆ ಮೈಯೆಲ್ಲ ಬೆವರಿ ತಣಿಯದೆ, ಮುಖ್ಯವಾಗಿ ಏದುಸಿರಿನಿಂದಲೇ ಕಾವು ಇಳಿಸಿಕೊಳ್ಳಬೇಕಾದುದರಿಂದ, ನಡಿಗೆಯನ್ನು ನಸುಕಿನಲ್ಲೇ ಮುಗಿಸಿ, ನೀರಿನ ಬಾಟಲಿಯನ್ನು ಜೊತೆಗೇ ಒಯ್ಯುತ್ತೇನೆ. ಚಳಿಗಾಲದಲ್ಲಿ ಅದರ ಹಾಸಿಗೆಯನ್ನು ನೆಲದಿಂದ ನಾಲ್ಕು ಬೆರಳು ಎತ್ತರದ ಹಲಗೆಯ ಮೇಲೆ ಹಾಕಿದ ಬಳಿಕ ರಾತ್ರಿಯ ನಡುಕವೂ ನಿಂತಿತು.