ದುಡ್ಡು ಕೊಟ್ಟು ಚೌಳು ನೋಡಲು: ಕಛ್ ರಣ್‌ಗೆ ಆರು ದಿನದ ಪ್ರವಾಸ ಹೊರಡುವುದು ಹೇಗೆ?

ನಾಲೆ ಬಯಲಿನಲ್ಲಿ ಬೆಳೆದವರಿಗೆ ಚೌಳು ಅಂದರೆ ಏನೆಂದು ಹೇಳಿಕೊಡಬೇಕಾಗಿಲ್ಲ. ನೀರು ಜಾಸ್ತಿ ನಿಂತ ಗದ್ದೆಯಲ್ಲಿ ಬೇಸಿಗೆ ಹೊತ್ತಿಗೆ ಬಿಳಿ ಪುಡಿ ಏಳುತ್ತದೆ. ಆಮೇಲೆ ಅಲ್ಲಿ ಕಬ್ಬೂ ಇಲ್ಲ, ಭತ್ತವೂ ಇಲ್ಲ. ಗುಜರಾತಿನ ರಣ್‌ಗೆ ಹೊರಟಿದ್ದೇನೆ ಅಂತ ಮಂಡ್ಯದ ನಮ್ಮ ಮನೆಯಲ್ಲಿ ಫೋಟೊ ತೋರಿಸಿದಾಗ ನಮ್ಮ ಮಾವ ಕೇಳಿದ್ದು ಒಂದೇ ಪ್ರಶ್ನೆ. “ಇಷ್ಟೊಂದು ದುಡ್ಡು ಕೊಟ್ಟು ಚೌಳು ನೋಡೋಕೆ ಹೋಗ್ತೀಯಾ?”

ಅವರು ಹೇಳಿದ್ದರಲ್ಲಿ ತಪ್ಪೇನಿಲ್ಲ. ರಣ್ ಒಂದು ಕಾಲಕ್ಕೆ ಸಮುದ್ರದ ಕೊಲ್ಲಿಯಾಗಿತ್ತು. ಈಗ ತಟ್ಟೆಯಂಥ ನೆಲ, ಸಮುದ್ರಮಟ್ಟಕ್ಕಿಂತ ಕೆಲವೇ ಮೀಟರ್ ಎತ್ತರ. ಮಳೆಗಾಲದಲ್ಲಿ ಒಂದು ಕಡೆಯಿಂದ ಸಮುದ್ರದ ನೀರು ನುಗ್ಗುತ್ತದೆ, ಇನ್ನೊಂದು ಕಡೆಯಿಂದ ಹೊಳೆಗಳ ನೀರು ಬಂದು ಸೇರುತ್ತದೆ. ಹರಿದು ಹೋಗಲು ದಾರಿಯಿಲ್ಲ. ಮಳೆ ನಿಂತ ಮೇಲೆ ನೀರು ಆವಿಯಾಗಿ ಉಪ್ಪು ಉಳಿಯುತ್ತದೆ. ನಮ್ಮ ಗದ್ದೆಯ ಚೌಳೇ ಇದು, ಆದರೆ ಕಣ್ಣು ಹರಿದಷ್ಟು ದೂರ.

ನಾನು ಎರಡು ಸಲ ಹೋಗಿದ್ದೇನೆ. ಮೊದಲ ಸಲದ್ದು ಹಾಳು ಪ್ರವಾಸ. ಏಜೆನ್ಸಿಯವರು ‘ರಣ್‌ನಲ್ಲಿ ಒಂದು ರಾತ್ರಿ’ ಅಂತ ಬರೆದುಕೊಟ್ಟಿದ್ದರು. ಆ ರಾತ್ರಿ ಕಳೆದದ್ದು ರಣ್‌ನಿಂದ ಒಂದೂವರೆ ಗಂಟೆ ದೂರದ, ರಸ್ತೆ ಪಕ್ಕದ ಹೋಟೆಲಿನಲ್ಲಿ. ಸೂರ್ಯ ಮುಳುಗಿದ ಮೇಲೆ ತಲುಪಿದೆವು, ಮೊಬೈಲ್ ಟಾರ್ಚ್ ಬಿಟ್ಟು ಉಪ್ಪು ನೋಡಿ ವಾಪಸ್ ಬಂದೆವು. ಎರಡನೇ ಸಲ ನಾವೇ ಕೂತು ಲೆಕ್ಕ ಹಾಕಿದೆವು. ಈ ಲೇಖನ ಅದರ ಮೇಲೆ ನಿಂತಿದೆ.

ಮೊದಲು ಹುಣ್ಣಿಮೆ, ಆಮೇಲೆ ಟಿಕೆಟ್

ರಜೆ ನೋಡಿ ದಿನ ಗೊತ್ತು ಮಾಡಬೇಡಿ, ಪಂಚಾಂಗ ನೋಡಿ ಮಾಡಿ. ಡಿಸೆಂಬರ್‌ನಿಂದ ಫೆಬ್ರುವರಿವರೆಗೆ ಬರುವ ಮೂರು ಹುಣ್ಣಿಮೆಗಳಲ್ಲಿ ಒಂದನ್ನು ಹಿಡಿಯಿರಿ. ಬೆಳದಿಂಗಳಿಗೆ ಉಪ್ಪು ಹೊಳೆಯುವ ರೀತಿಯೇ ಬೇರೆ, ಹಗಲಿನ ಫೋಟೊಗಳಲ್ಲಿ ಅದು ಬರುವುದಿಲ್ಲ. ನವೆಂಬರ್‌ನಲ್ಲಿ ‘ರಣ್ ಉತ್ಸವ’ ಶುರುವಾಗಿರುತ್ತದೆ ನಿಜ. ಆದರೆ ಆ ವರ್ಷ ಮಳೆ ತಡವಾಗಿ ನಿಂತಿದ್ದರೆ ನೆಲದ ಮೇಲೆ ಇನ್ನೂ ನೀರು, ಕೆಸರು ಇರುತ್ತದೆ. ಮಾರ್ಚ್ ಕಳೆದ ಮೇಲೆ ಆ ಕಡೆ ತಲೆ ಹಾಕುವುದೇ ಬೇಡ.

ಹುಣ್ಣಿಮೆ ವಾರದಲ್ಲಿ ಜನ ಜಾಸ್ತಿ, ಬಾಡಿಗೆಯೂ ಜಾಸ್ತಿ. ದುಡ್ಡು ಉಳಿಸಬೇಕಾದರೆ ಹುಣ್ಣಿಮೆ ಕಳೆದ ಎರಡನೇ ದಿನಕ್ಕೆ ಹೋಗಿ. ಚಂದ್ರ ಸ್ವಲ್ಪ ತಡವಾಗಿ ಏಳುತ್ತಾನೆ ಅಷ್ಟೆ. ಆ ಹೊತ್ತಿಗೆ ಸೆಲ್ಫಿಯವರು ಊಟಕ್ಕೆ ಹೋಗಿರುತ್ತಾರೆ.

ಮೈಸೂರಿನಿಂದ ಅಜ್ಮೀರ್‌ಗೆ ಹೋಗುವ ರೈಲು ಅಹಮದಾಬಾದ್ ಮೇಲೆ ಹಾದು ಹೋಗುತ್ತದೆ. ಸುಮಾರು ಒಂದೂವರೆ ದಿನದ ಪ್ರಯಾಣ. ಬೆಂಗಳೂರಿನಿಂದ ಗಾಂಧೀಧಾಮಕ್ಕೂ ವಾರಕ್ಕೊಂದು ರೈಲಿದೆ, ಅಲ್ಲಿಂದ ಕಛ್‌ನ ಮುಖ್ಯ ಪಟ್ಟಣ ಭುಜ್ 60 ಕಿಲೋಮೀಟರ್ ಒಳಗೆ. ರೈಲ್ವೆ ಬುಕಿಂಗ್ 60 ದಿನ ಮೊದಲು ತೆರೆಯುತ್ತದೆ, ಆ ದಿನ ಬೆಳಿಗ್ಗೆಯೇ ಕೂತು ಬುಕ್ ಮಾಡಿ. ಸಮಯ ಇಲ್ಲದವರು ಬೆಂಗಳೂರಿನಿಂದ ವಿಮಾನದಲ್ಲಿ ಅಹಮದಾಬಾದ್‌ಗೆ ಹೋಗಬಹುದು, ಎರಡು ಗಂಟೆ ಚಿಲ್ಲರೆ. ನಾವು ಹೋಗುವಾಗ ರೈಲು, ಬರುವಾಗ ವಿಮಾನ ಮಾಡಿಕೊಂಡೆವು. ಹೋಗುವಾಗ ಡಬ್ಬಿ ತುಂಬ ಮದ್ದೂರು ವಡೆ, ಮಾತಿಗೆ ಜನ ಇದ್ದರು. ಬರುವಾಗ ಎಲ್ಲರೂ ಸುಸ್ತು.

ಅಡ್ವಾನ್ಸ್ ಕೊಡುವ ಮೊದಲು ಕೇಳಬೇಕಾದದ್ದು

ಪ್ರವಾಸ ಕೆಡುವುದು ಸಾಮಾನ್ಯವಾಗಿ ಈ ಹಂತದಲ್ಲೇ. ಆದ್ದರಿಂದ ಸ್ವಲ್ಪ ವಿವರವಾಗಿ ಹೇಳುತ್ತೇನೆ.

ಮೊದಲನೆಯದು, ಪ್ರತಿ ರಾತ್ರಿ ಎಲ್ಲಿ ಮಲಗುತ್ತೇವೆ? ‘ರಣ್ ಹತ್ತಿರ’ ಅಂದರೆ ಒಪ್ಪಬೇಡಿ. ಊರಿನ ಹೆಸರು ಕೇಳಿ. ಬಿಳಿ ರಣ್‌ಗೆ ಬಾಗಿಲು ಅಂದರೆ ಧೋರ್ಡೊ ಊರು. 2023ರಲ್ಲಿ ವಿಶ್ವಸಂಸ್ಥೆಯ ಪ್ರವಾಸೋದ್ಯಮ ಸಂಸ್ಥೆ ಅತ್ಯುತ್ತಮ ಪ್ರವಾಸಿ ಗ್ರಾಮಗಳ ಪಟ್ಟಿಗೆ ಸೇರಿಸಿದ್ದು ಇದೇ ಊರನ್ನು. ಧೋರ್ಡೊ ಅಥವಾ ಅದರ ಅಕ್ಕಪಕ್ಕದ ಹೋಡ್ಕಾದಂಥ ಹಳ್ಳಿಯಾದರೆ ಸರಿ. ಭುಜ್ ಅಂತ ಹೇಳಿದರೆ ದಿನಾ 80 ಕಿಲೋಮೀಟರ್ ಹೋಗಬೇಕು, ಅಷ್ಟೇ ದೂರ ಬರಬೇಕು. ಬೆಳಗಿನ ಜಾವದ ರಣ್ ನಿಮಗೆ ಸಿಗುವುದಿಲ್ಲ.

ಎರಡನೆಯದು, ಆರು ದಿನವೂ ಒಬ್ಬನೇ ಡ್ರೈವರಾ? ಅವನು ಕಛ್‌ನವನಾ? ಅಹಮದಾಬಾದ್‌ನ ಡ್ರೈವರ್ ಗೂಗಲ್ ಮ್ಯಾಪ್ ನೋಡಿ ಓಡಿಸುತ್ತಾನೆ. ಅಷ್ಟು ನಮಗೂ ಬರುತ್ತದೆ ಅಲ್ವಾ? ಕಛ್‌ನವನಿಗೆ ಯಾವ ಕಡೆ ಉಪ್ಪಿನ ಪದರ ಗಟ್ಟಿ, ಯಾವ ಕಡೆ ಅದರಡಿ ಕಪ್ಪು ಕೆಸರು ಅಂತ ಗೊತ್ತಿರುತ್ತದೆ. ಮೇಲೆ ನೋಡಿದರೆ ಎರಡೂ ಸಿಮೆಂಟ್ ಹಾಸಿದ ಹಾಗೆ ಕಾಣುತ್ತವೆ. ಒಂದು ಚಕ್ರ ಇಳಿಯಿತೆಂದರೆ ಗಾಡಿ ಹೊಟ್ಟೆಯವರೆಗೆ ಕೂತುಬಿಡುತ್ತದೆ.

ಮೂರನೆಯದು, ಪರ್ಮಿಟ್ ಯಾರ ತಲೆನೋವು? ಪಾಕಿಸ್ತಾನದ ಗಡಿ ಹತ್ತಿರ ಇರುವುದರಿಂದ ಬಿಳಿ ರಣ್‌ಗೆ ಹೋಗಲು ಅನುಮತಿ ಚೀಟಿ ಬೇಕು. ಆನ್‌ಲೈನ್‌ನಲ್ಲೂ ಸಿಗುತ್ತದೆ, ದಾರಿಯಲ್ಲಿ ಭಿರಂಡಿಯಾರಾ ಚೆಕ್‌ಪೋಸ್ಟ್‌ನಲ್ಲೂ ಮಾಡಿಸಬಹುದು. ದೊಡ್ಡ ಮೊತ್ತವೇನಲ್ಲ. ಆದರೆ ಸಾಲು ಉದ್ದ ಇದ್ದರೆ ಸೂರ್ಯಾಸ್ತ ಅಲ್ಲೇ ಆಗಿಹೋಗುತ್ತದೆ. ಆಧಾರ್ ಅಥವಾ ಬೇರೆ ಗುರುತಿನ ಚೀಟಿಯ ಮೂಲ ಪ್ರತಿ, ಜೊತೆಗೆ ಎರಡು ಜೆರಾಕ್ಸ್ ಕೈಯಲ್ಲಿರಲಿ. ಡ್ರೋನ್ ಮನೆಯಲ್ಲೇ ಬಿಡಿ.

ಕೊನೆಯದು, ಅಕಾಲದಲ್ಲಿ ಮಳೆ ಬಂದರೆ ದುಡ್ಡು ವಾಪಸ್ ಎಷ್ಟು? ಉತ್ತರವನ್ನು ವಾಟ್ಸಾಪ್‌ನಲ್ಲಿ ಬರೆಸಿಕೊಳ್ಳಿ. ಬಾಯಿಮಾತು ಬೇಡ.

ದಿನಗಳನ್ನು ಹಂಚುವುದು

ಜನ ಮಾಡುವ ದೊಡ್ಡ ತಪ್ಪು ಅಂದರೆ ನೇರವಾಗಿ ಬಿಳಿ ರಣ್‌ಗೆ ಹೋಗುವುದು. ರಣ್ ಎರಡಿವೆ, ದೊಡ್ಡದು ಮತ್ತು ಚಿಕ್ಕದು. ಬಿಳಿ ರಣ್ ಇರುವುದು ದೊಡ್ಡದರಲ್ಲಿ. ಚಿಕ್ಕದರಿಂದ ಶುರು ಮಾಡಿ.

ಅಹಮದಾಬಾದ್‌ನಿಂದ ಸುಮಾರು 100 ಕಿಲೋಮೀಟರ್ ಹೋದರೆ ದಸಾಡಾ, ಝೈನಾಬಾದ್ ಊರುಗಳು. ಮೊದಲ ರಾತ್ರಿ ಅಲ್ಲಿ ಉಳಿದು ಜೀಪಿನಲ್ಲಿ ಚಿಕ್ಕ ರಣ್‌ಗೆ ಇಳಿಯಬೇಕು. ಇದು ಬಿಳಿಯಲ್ಲ. ಬಿರುಕು ಬಿಟ್ಟ ಕಂದು ನೆಲ. ಕೆರೆ ಒಣಗಿದಾಗ ತಳ ಹೇಗಿರುತ್ತದೋ ಹಾಗೆ, ಆದರೆ ದಡವೇ ಇಲ್ಲದ ಕೆರೆ. ಹತ್ತು ನಿಮಿಷದಲ್ಲಿ ದಿಕ್ಕು ತಪ್ಪುತ್ತದೆ. ಮರವಿಲ್ಲ, ಗುಡ್ಡವಿಲ್ಲ. ಮಧ್ಯಾಹ್ನದ ಮರೀಚಿಕೆಯಲ್ಲಿ ಎದುರಿಗೆ ನೀರು ಅಲ್ಲಾಡಿದ ಹಾಗೆ ಕಾಣುತ್ತದೆ. ಗೈಡ್ ಇಲ್ಲದೆ ಇಲ್ಲಿ ಗಾಡಿ ಇಳಿಸುವ ಧೈರ್ಯ ಬೇಡ.

ಇಲ್ಲಿ ನೋಡಬೇಕಾದದ್ದು ಕಾಡುಕತ್ತೆ. ಅಲ್ಲಿಯವರು ಘುಡ್‌ಖರ್ ಅನ್ನುತ್ತಾರೆ. ಕತ್ತೆ ಅಂತ ಸದರ ಮಾಡಬೇಡಿ. ಮೈ ಬಾದಾಮಿ ಬಣ್ಣ, ಬೆನ್ನ ಮೇಲೆ ಕಡುಕಂದು ಪಟ್ಟೆ, ಓಡಿದರೆ ಜೀಪಿಗೇ ಸವಾಲು. 1960ರ ದಶಕದಲ್ಲಿ ಕಾಯಿಲೆ ಬಿದ್ದು ಕೆಲವೇ ನೂರಕ್ಕೆ ಇಳಿದಿದ್ದವು. 2024ರ ಗಣತಿಯಲ್ಲಿ 7,600 ದಾಟಿವೆ. ಅಭಯಾರಣ್ಯದ ವಿಸ್ತಾರ 4,954 ಚದರ ಕಿಲೋಮೀಟರ್. ನಮ್ಮ ಮಂಡ್ಯ ಜಿಲ್ಲೆಯಷ್ಟೇ ಇದೆ ಅಂತ ಇಟ್ಟುಕೊಳ್ಳಿ.

ಅಲ್ಲೇ ಅಗರಿಯಾಗಳನ್ನು ಭೇಟಿ ಮಾಡಿಸಿ ಅಂತ ಗೈಡ್‌ಗೆ ಕೇಳಿ. ಉಪ್ಪು ಬೆಳೆಯುವವರು ಇವರು. ಹೌದು, ‘ಬೆಳೆಯುವುದು’ ಅಂತಲೇ ಹೇಳಬೇಕು. ಮಳೆಗಾಲ ಮುಗಿದ ಮೇಲೆ ಸಂಸಾರ ಸಮೇತ ರಣ್‌ಗೆ ಬಂದು ಸುಮಾರು ಎಂಟು ತಿಂಗಳು ಅಲ್ಲೇ ಇರುತ್ತಾರೆ. ನೆಲದಡಿಯ ಉಪ್ಪುನೀರನ್ನು ಪಂಪ್ ಮಾಡಿ ಪಾತಿಗೆ ಬಿಡುತ್ತಾರೆ. ದಿನಾ ಕಾಲಿನಲ್ಲಿ, ಹಲುಬೆಯಂಥ ಮರದ ಹಣಿಗೆಯಲ್ಲಿ ಕೆದಕುತ್ತಾರೆ, ಹರಳು ಕಟ್ಟುವವರೆಗೆ ಕಾಯುತ್ತಾರೆ. ಹಿಂದೆ ಡೀಸೆಲ್ ಪಂಪಿಗೇ ದುಡಿದದ್ದೆಲ್ಲ ಹೋಗುತ್ತಿತ್ತು, ಈಗ ಎಷ್ಟೋ ಕಡೆ ಸೋಲಾರ್ ಬಂದಿದೆ. ಪಾತಿ, ಬದು, ತೂಬು ಎಲ್ಲ ನಮ್ಮ ಗದ್ದೆಯ ಹಾಗೆಯೇ. ನಮ್ಮ ಜೊತೆ ಬಂದಿದ್ದ ಪಾಂಡವಪುರದ ರೈತರೊಬ್ಬರು ಭಾಷೆ ಬರದಿದ್ದರೂ ಅರ್ಧ ಗಂಟೆ ಅವರೊಂದಿಗೆ ಮಾತಾಡಿದರು. ಕುಡಿಯುವ ನೀರು ಟ್ಯಾಂಕರಿನಲ್ಲಿ ಬರಬೇಕು ಅಂತ ಗೊತ್ತಾದಾಗ ಮಾತ್ರ ಸುಮ್ಮನಾದರು. ಅಲ್ಲಿ ಚಹಾ ಕೊಟ್ಟರೆ ಕುಡಿಯಿರಿ, ಎರಡನೇ ಲೋಟ ಕೇಳಬೇಡಿ. ಹೋಗುವಾಗ ಒಂದು ಕ್ಯಾನ್ ನೀರು ತೆಗೆದುಕೊಂಡು ಹೋದರೆ ಒಳ್ಳೆಯದು.

ಎರಡನೇ ದಿನ ಮಧ್ಯಾಹ್ನ ರಾಪರ್ ಮೇಲೆ ಧೋಲಾವೀರಾಕ್ಕೆ ಹೊರಡಿ, ರಾತ್ರಿ ಅಲ್ಲಿ. ಹರಪ್ಪಾ ಕಾಲದ ಊರು, 2021ರಲ್ಲಿ ಯುನೆಸ್ಕೊ ಪಟ್ಟಿಗೆ ಸೇರಿತು. ಮೂರನೇ ದಿನ ಬಿಸಿಲೇರುವ ಮೊದಲು ನೋಡಿ ಮುಗಿಸಿ. ಕೋಟೆ, ಬಾಗಿಲಿಗಿಂತ ನಮ್ಮನ್ನು ಹಿಡಿದು ನಿಲ್ಲಿಸಿದ್ದು ನೀರಿನ ತೊಟ್ಟಿಗಳು. ಮಾನ್ಸರ್, ಮನ್‌ಹರ್ ಎಂಬ ಎರಡು ಹಳ್ಳಗಳು, ಅವೂ ಮಳೆಗಾಲದಲ್ಲಿ ಮಾತ್ರ ಹರಿಯುವಂಥವು. ಅವಕ್ಕೆ ಒಡ್ಡು ಕಟ್ಟಿ, ಕಲ್ಲು ಕೊರೆದ ಜಲಾಶಯಗಳಿಗೆ ನೀರು ತಿರುಗಿಸಿಕೊಂಡು ಒಂದು ಊರು ನೂರಾರು ವರ್ಷ ಬದುಕಿದೆ. ಕನ್ನಂಬಾಡಿ ತುಂಬಿತಾ ಅಂತ ಪ್ರತಿ ಆಷಾಢದಲ್ಲಿ ಪೇಪರ್ ನೋಡುವ ನಮ್ಮಂಥವರು ಆ ಮೆಟ್ಟಿಲ ಮೇಲೆ ಸ್ವಲ್ಪ ಹೊತ್ತು ಕೂರಬೇಕು.

ಅಲ್ಲಿಂದ ಖಾವ್ಡಾಕ್ಕೆ ಹೋಗುವ ರಸ್ತೆ ರಣ್ ಸೀಳಿಕೊಂಡು ಹೋಗುತ್ತದೆ. ಎರಡೂ ಕಡೆ ಉಪ್ಪು, ಕೆಲವು ತಿಂಗಳು ನೀರು. ಈಗ ಇದಕ್ಕೆ ‘ರೋಡ್ ಟು ಹೆವನ್’ ಅಂತ ಹೆಸರು ಬಂದು, ರಸ್ತೆ ಮಧ್ಯೆ ಮಲಗಿ ಫೋಟೊ ತೆಗೆಸಿಕೊಳ್ಳುವವರ ಕಾಟ. ಮಲಗಬೇಡಿ, ಲಾರಿಗಳು ಬರುತ್ತವೆ.

ಬಿಳಿ ರಣ್‌ನ ಸಂಜೆ ಮತ್ತು ಬೆಳಗು

ಮೂರನೇ ದಿನ ನಾಲ್ಕು ಗಂಟೆಯೊಳಗೆ ಧೋರ್ಡೊ ತಲುಪುವ ಹಾಗೆ ನೋಡಿಕೊಳ್ಳಿ. ಗಾಡಿ ದೂರದಲ್ಲೇ ನಿಲ್ಲಿಸಬೇಕು. ವಾಚ್‌ಟವರ್‌ವರೆಗೆ ನಡೆಯಬಹುದು, ಒಂಟೆಗಾಡಿಯೂ ಸಿಗುತ್ತದೆ. ಟವರ್ ಹತ್ತಿರ ಜಾತ್ರೆ. ಅಲ್ಲಿ ನಿಲ್ಲದೆ ಅರ್ಧ ಕಿಲೋಮೀಟರ್ ಮುಂದೆ ನಡೆಯಿರಿ. ಹೆಜ್ಜೆಯಡಿ ಕರಕರ ಸದ್ದು ಬರುತ್ತದೆ. ಸದ್ದು ನಿಂತು ಮೆತ್ತಗಾಯಿತೋ, ಹಿಂದೆ ಬನ್ನಿ, ಮುಂದೆ ಕೆಸರಿದೆ.

ಮರುದಿನ ಸೂರ್ಯ ಹುಟ್ಟುವ ಮೊದಲು ಮತ್ತೆ ಹೋಗಿ. ನನಗೆ ಸಂಜೆಗಿಂತ ಇದೇ ಇಷ್ಟವಾಯಿತು. ಜನವೇ ಇರುವುದಿಲ್ಲ. ಚಳಿ ಮಾತ್ರ ಮೈಸೂರಿನ ಚಳಿಯಲ್ಲ. ಡಿಸೆಂಬರ್, ಜನವರಿಯಲ್ಲಿ 10 ಡಿಗ್ರಿಗಿಂತ ಕೆಳಗಿಳಿಯುವ ರಾತ್ರಿಗಳಿವೆ, ಜೊತೆಗೆ ಬಯಲುಗಾಳಿ. ಧನುರ್ಮಾಸದ ಪೂಜೆಗೆ ಹಾಕಿಕೊಂಡು ಹೋಗುವ ಸ್ವೆಟರ್ ಸಾಲದು. ಕಿವಿ ಮುಚ್ಚುವ ಟೋಪಿ, ದಪ್ಪ ಕಾಲುಚೀಲ, ಒಳಗೊಂದು ಬನಿಯನ್ ಜಾಸ್ತಿ. ಹಗಲಿಗೆ ಕಪ್ಪು ಕನ್ನಡಕ ಬೇಕೇ ಬೇಕು. ಬಿಸಿಲು ಕೆಳಗಿನಿಂದಲೂ ಬರುವುದರಿಂದ ಸನ್‌ಸ್ಕ್ರೀನನ್ನು ಗದ್ದದ ಕೆಳಗೂ ಮೂಗಿನ ಅಡಿಯೂ ಹಚ್ಚಬೇಕು. ಇದನ್ನು ಯಾರೂ ಹೇಳಿರಲಿಲ್ಲ, ನನ್ನ ಮೂಗಿನ ಹೊಳ್ಳೆ ಸುಲಿದು ಹೋಗಿತ್ತು.

ಅದೇ ದಿನ ಕಾಲಾ ಡುಂಗರ್ ಹತ್ತಿ. 460 ಮೀಟರ್ ಆಸುಪಾಸು, ಕಛ್‌ನಲ್ಲಿ ಇದೇ ಎತ್ತರ. ನಮ್ಮ ಚಾಮುಂಡಿ ಬೆಟ್ಟದ ಮುಂದೆ ಮರಿ. ಮೇಲಿನ ದತ್ತಾತ್ರೇಯ ಗುಡಿಯಲ್ಲಿ ಆರತಿ ಆದ ಮೇಲೆ ನರಿಗಳಿಗೆ ಅನ್ನದ ಪ್ರಸಾದ ಇಡುವ ಪದ್ಧತಿ ಇದೆ. ನಾವು ಹೋದ ದಿನ ಒಂದೇ ನರಿ ಬಂತು, ಅದೂ ನಮ್ಮನ್ನು ನೋಡಿ ವಾಪಸ್ ಹೋಯಿತು.

ಬನ್ನಿ ಹುಲ್ಲುಗಾವಲಿನ ಊರುಗಳಲ್ಲಿ ಭೂಂಗಾ ಎಂಬ ದುಂಡು ಮಣ್ಣಿನ ಮನೆಗಳಿವೆ. 2001ರ ಜನವರಿ 26ರ ಭೂಕಂಪದಲ್ಲಿ ಕಾಂಕ್ರೀಟ್ ಮನೆಗಳು ಬಿದ್ದಾಗ ಎಷ್ಟೋ ಭೂಂಗಾಗಳು ನಿಂತವು. ದುಂಡಗಿನ ಗೋಡೆ, ಹಗುರ ಸೂರು. ಸಾಧ್ಯವಾದರೆ ಒಂದು ರಾತ್ರಿ ಅದರಲ್ಲೇ ಮಲಗಿ. ರಾತ್ರಿ ಬಯಲಿನಲ್ಲಿ ಓಡಾಡುವ ‘ಚಿರ್ ಬತ್ತಿ’ ಬೆಳಕಿನ ಕತೆಯನ್ನು ಡ್ರೈವರ್ ಹೇಳದೆ ಬಿಡುವುದಿಲ್ಲ. ನಮ್ಮ ಕೊಳ್ಳಿದೆವ್ವದ ತಮ್ಮ ಅದು. ನಮಗೆ ಕಾಣಲಿಲ್ಲ.

ಐದನೇ ದಿನ ನಿರೋಣಾ ಹಳ್ಳಿಯಲ್ಲಿ ಹರಳೆಣ್ಣೆ ಕುದಿಸಿ ಬಣ್ಣ ಮಾಡುವ ರೋಗನ್ ಕಲೆ, ಅಜ್ರಖ್‌ಪುರದಲ್ಲಿ ಅಚ್ಚೊತ್ತಿದ ಬಟ್ಟೆ. ಆರನೇ ದಿನ ಭುಜ್‌ನ ಸ್ಮೃತಿವನ ಭೂಕಂಪ ಮ್ಯೂಸಿಯಂ ನೋಡಿ ವಾಪಸ್.

ಊಟ, ಕುಡಿತ, ಕೈಚೀಲ

ಊಟಕ್ಕೆ ಸಜ್ಜೆ ರೊಟ್ಟಿ, ಬದನೆಕಾಯಿ ಸುಟ್ಟು ಮಾಡಿದ ಪಲ್ಯ, ಖಿಚಡಿ, ಮಜ್ಜಿಗೆ. ಮುದ್ದೆ ಇಲ್ಲದೆ ಮೂರು ದಿನ ಇರಲಾರದವರಿಗೆ ಸಜ್ಜೆ ರೊಟ್ಟಿ ಹೊಂದುತ್ತದೆ. ಮಾಂಸದೂಟ ಸಿಗುವುದು ಕಡಿಮೆ. ಸಂಜೆ ‘ಸ್ವಲ್ಪ’ ಬೇಕು ಅನ್ನುವವರು ನೆನಪಿಡಿ, ಗುಜರಾತಿನಲ್ಲಿ ಪಾನನಿಷೇಧ ಇದೆ. ಬ್ಯಾಗಿನಲ್ಲಿ ಬಚ್ಚಿಟ್ಟುಕೊಂಡು ಹೋಗಿ ಇಡೀ ಗುಂಪಿಗೆ ತೊಂದರೆ ತರಬೇಡಿ. ಹಳ್ಳಿಗಳಲ್ಲಿ ಸಿಗ್ನಲ್ ಕೈ ಕೊಡುತ್ತದೆ, ಫೋನ್‌ಪೇ ನಂಬಿ ಕೂರಬೇಡಿ, ಚಿಲ್ಲರೆ ನೋಟು ಇರಲಿ.

ಹಳೇ ಬೂಟು ಹಾಕಿಕೊಂಡು ಹೋಗಿ. ಊರಿಗೆ ಬಂದ ದಿನವೇ ಸಿಹಿನೀರಿನಲ್ಲಿ ಎರಡು ಸಲ ತೊಳೆಯಿರಿ. ನಾನು ಸೋಮಾರಿತನದಿಂದ ಮೂಲೆಗೆ ಎಸೆದಿದ್ದೆ. ಮೂರು ವಾರ ಬಿಟ್ಟು ನೋಡಿದರೆ ಹೊಲಿಗೆ ಉದ್ದಕ್ಕೂ ಬಿಳಿ ಪುಡಿ ಎದ್ದಿತ್ತು. ಮಾವ ಬೂಟು ಎತ್ತಿ ನೋಡಿ, “ಚೌಳು ಇಲ್ಲಿಗೂ ತಂದ್ಯಲ್ಲೋ” ಅಂದರು.