ಕಿಹಾಚಿಗೆ ಅರ್ಥ ಹೇಳಿದ್ದು

ತಾಳಮದ್ದಳೆಯಲ್ಲಿ ಅರ್ಥ ಹೇಳಿ ಪಳಗಿದ ನಾಲಿಗೆ ನನ್ನದು. ಜಪಾನಿನ ಮೂಕಿ ಚಿತ್ರಗಳಿಗೆ ಪರದೆಯ ಪಕ್ಕ ನಿಂತು ಕಥೆ ನಡೆಸುವ ಬೆನ್ಶಿಗಳಿದ್ದರೆಂದು ಓದಿದಾಗ, ಇದು ನಮ್ಮದೇ ಕಸುಬಲ್ಲವೇ ಅನ್ನಿಸಿತು. ಜಪಾನಿ ನಿರ್ದೇಶಕ ಯಾಸುಜಿರೊ ಓಜುವಿನ 1935ರ 'ಟೋಕಿಯೊ ನೊ ಯಾದೊ' ಚಿತ್ರಕ್ಕೆ, ಗೆಳೆಯರೊಬ್ಬರ ಮಹಡಿಯ ಮೇಲೆ, ಕನ್ನಡದಲ್ಲಿ ಅರ್ಥ ಹೇಳಲು ಒಪ್ಪಿಕೊಂಡೆ.

ಹೆಸರಿನಲ್ಲೇ ಎಡವಿದೆ. ಯಾದೊ ಎಂದರೆ ತಂಗುವ ಜಾಗ. 'ಛತ್ರ' ಎಂದು ಬರೆದುಕೊಂಡೆ. ಆದರೆ ಛತ್ರ ಎಂದೊಡನೆ ನಮಗೆ ನೆನಪಾಗುವುದು ಪುಕ್ಕಟೆ ಜಗುಲಿ. ಇಲ್ಲಿ ಕಾಸಿಲ್ಲದಿದ್ದರೆ ಬಯಲೇ ಗತಿ. 'ಬಾಡಿಗೆ ಚಾಪೆ' ಎಂದು ತಿದ್ದಿದೆ.

ಕೆಲಸವಿಲ್ಲದ ಕಿಹಾಚಿ ಇಬ್ಬರು ಗಂಡುಮಕ್ಕಳನ್ನು ಕಟ್ಟಿಕೊಂಡು ಟೋಕಿಯೊದ ಕೋತೊ ಭಾಗದ ಕಾರ್ಖಾನೆಗಳ ನಡುವೆ ಅಲೆಯುತ್ತಾನೆ. ದೂರದಲ್ಲಿ ಚಿಮಣಿಗಳು, ಹುಲ್ಲಿನ ಮೇಲೆ ಭಾರಿ ಕೇಬಲ್ ಉರುಳೆಗಳು. ಮಕ್ಕಳು ಬಹುಮಾನದ ಆಸೆಗೆ ಬೀದಿನಾಯಿ ಹಿಡಿಯುತ್ತಾರೆ. ಆ ದುಡ್ಡಿನಲ್ಲಿ ದೊಡ್ಡವನು ಟೊಪ್ಪಿಗೆ ಕೊಂಡುಬಿಡುತ್ತಾನೆ. ಹಸಿದ ಮೂವರೂ ಬಯಲಲ್ಲಿ ಕುಳಿತು ಇಲ್ಲದ ಊಟ ಮಾಡುತ್ತಾರೆ: ಮಗ ಬರಿಗೈಯಿಂದ ಸಾಕೆ ಎಂಬ ಅಕ್ಕಿಯ ಮದ್ಯ ಸುರಿಯುತ್ತಾನೆ, ಅಪ್ಪ ಹೀರಿ ಚಪ್ಪರಿಸುತ್ತಾನೆ.

ಮೊದಲ ಪ್ರದರ್ಶನದಲ್ಲಿ ನಾನು ಚಿಮಣಿ ಕಂಡಾಗಲೆಲ್ಲ ಯಂತ್ರಯುಗ, ಆರ್ಥಿಕ ಕುಸಿತ ಎಂದು ಪೀಠಿಕೆ ಹಾಕಿದೆ. ಊಟದ ದೃಶ್ಯದಲ್ಲಂತೂ ಒಂದೊಂದು ತುತ್ತಿಗೂ ಮಾತು ಬಡಿಸಿದೆ. ಮುಗಿದ ಮೇಲೆ, ದಾವಣಗೆರೆಯ ಹತ್ತಿ ಗಿರಣಿಯಲ್ಲಿ ದುಡಿದು ಬಂದ ಹಿರಿಯರೊಬ್ಬರು ಮೆಲ್ಲಗೆ ಕೇಳಿದರು: ಕೆಲಸ ಹೋದವನು ಚಿಮಣಿಯನ್ನೆಲ್ಲಿ ನೋಡುತ್ತಾನೆ, ಗೇಟು ಕಾಯುವವನ ಮುಖವನ್ನಲ್ಲವೇ? ಆ ಗೇಟಿಗೆ ನಾನು ಒಂದು ಮಾತೂ ಇಟ್ಟಿರಲಿಲ್ಲ.

ಮನೆಗೆ ಬಂದು ಮತ್ತೆ ನೋಡಿದೆ. ಈ ಚಿತ್ರಕ್ಕೆ ಮಾತಿಲ್ಲ, ಆದರೆ ಸಂಗೀತ ಫಿಲ್ಮಿನ ಪಟ್ಟಿಯ ಮೇಲೇ ಮುದ್ರಿತವಾಗಿದೆ. ಬೆನ್ಶಿಗಳ ಅನ್ನ ಕಿತ್ತದ್ದು ಟಾಕಿಗಳು ಮತ್ತು ಇಂಥವೇ ಚಿತ್ರಗಳು. ಮುಂದೆ ಹೆಸರಾಂತ ನಿರ್ದೇಶಕನಾದ ಅಕಿರ ಕುರೊಸಾವನ ಅಣ್ಣನೂ ಬೆನ್ಶಿಯಾಗಿದ್ದ. ಟಾಕಿ ಬಂದು ಆ ಕಸುಬು ಕುಸಿಯುತ್ತಿದ್ದಾಗ, 1933ರಲ್ಲಿ, ಆತ್ಮಹತ್ಯೆ ಮಾಡಿಕೊಂಡ. ಕೆಲಸ ಕಳೆದುಕೊಂಡವರ ಜಾಗದಲ್ಲಿ ನಿಂತು ಕೆಲಸವಿಲ್ಲದವನಿಗೆ ಅರ್ಥ ಹೇಳುತ್ತಿದ್ದೆ. ಅದೂ ಅರ್ಥಧಾರಿ ಬೇಡವೆಂದೇ ತಯಾರಾದ ಚಿತ್ರಕ್ಕೆ!

ಹಾಳೆಯ ಮುಕ್ಕಾಲು ಪಾಲನ್ನು ಹೊಡೆದುಹಾಕಿದೆ. ಗೇಟಿನ ಬಳಿ ಒಂದೇ ಮಾತು ಉಳಿಯಿತು: "ಆಳು ಬೇಡ." ಎರಡನೆಯ ಸಲ ಊಟದ ದೃಶ್ಯ ಬಂದಾಗ ಮೈಕ್ ಆರಿಸಿದೆ. ಹಿಂದಿನ ಸಾಲಿನಲ್ಲಿ ಚುರುಮುರಿ ಪೊಟ್ಟಣ ಬಿಚ್ಚುತ್ತಿದ್ದವರೊಬ್ಬರು ಅರ್ಧಕ್ಕೇ ಕೈ ನಿಲ್ಲಿಸಿದರು.